ಇನ್ನೊಂದು ಫೌಲು ಬಾಕಿ ಅದ

ಮಾನ್ವಿ
ಭಾನುವಾರ, 14 ಸೆಪ್ಟೆಂಬರ್ 2025

ದೇವದುರ್ಗದ ವಸತಿಶಾಲೆಯ ಗಣಿತದ ಟೀಚರೂ, ನಿನ್ನೆ ಸಂಜೆಯಿಂದ ಜಿಲ್ಲಾ ಚಾಂಪಿಯನ್ ಹುಡುಗಿಯರ ಕೋಚೂ, ನಾನು ಹುಟ್ಟಿದಾಗಿನಿಂದ ನನ್ನ ಅಕ್ಕನೂ ಆದ ಸುಜಾತಾಳ ಸನ್ನಿಧಾನಕ್ಕೆ,

ನಿನ್ನ ಒಬ್ಬನೇ ತಮ್ಮ ಹುಲಿಗೇಶ ಎದ್ದು ನಿಂತು ಬರೆಯುತ್ತಿರುವ ಪತ್ರ. ಜಿಲ್ಲೆ ಗೆದ್ದವರಿಗೆ ಕೂತು ಬರೆಯುವುದು ಅಗೌರವವೆಂದು ನಿಂತೆ. ಮೊದಲ ಸಾಲಿಗೇ ಸೊಂಟ ಹಿಡಿದದ್ದರಿಂದ ಈಗ ಕೂತಿದ್ದೇನೆ. ಗೌರವ ಮಾತ್ರ ಇನ್ನೂ ನಿಂತೇ ಇದೆ ಎಂದು ತಿಳಿ.

ಇಲ್ಲಿ ಅವ್ವ ಆರಾಮಾಗಿದ್ದಾಳೆ, ನಾನೂ ಆರಾಮ, ಹಿತ್ತಲ ನುಗ್ಗೆಮರ ಕಾಯಿ ಬಿಟ್ಟಿದೆ. ಅಪ್ಪನ ಗಂಟಲು ಮಾತ್ರ ಪೂರ್ತಿ ಬಿದ್ದುಹೋಗಿದೆ. ಬೆಳಗಿನಿಂದ ಚಹಾ ಬೇಕಿದ್ದರೂ ಕೈಸನ್ನೆ. ಮದುವೆಯಾದ ಮೇಲೆ ಮೊದಲ ಸಲ ಮನೆ ತಣ್ಣಗಿದೆ ಎಂದು ಅವ್ವ ಹೇಳುತ್ತಿದ್ದಾಳೆ. ಆ ಗಂಟಲು ಎಲ್ಲಿ ಬಿತ್ತು, ಯಾಕೆ ಬಿತ್ತು ಎನ್ನುವುದೇ ಈ ಪತ್ರದ ವಿಷಯ.

ಅದಕ್ಕೂ ಮೊದಲು ಕ್ಷಮಾಪಣೆ. ಬೆಳಗಿನ ಹೊತ್ತು ನಮ್ಮ ಮನೆಯಲ್ಲಿ ಯಾರೂ ಫೋನ್ ಯಾಕೆ ಎತ್ತುವುದಿಲ್ಲ ಎಂದು ನೀನು ಬೇಸಿಗೆಯಲ್ಲಿ ಕೇಳಿದ್ದೆ. ಉತ್ತರ ಈಗ ಬರೆಯುತ್ತಿದ್ದೇನೆ. ತಡವಾದದ್ದು ನನ್ನ ಸೋಮಾರಿತನದಿಂದಲ್ಲ. ಬಾಯಿ ಬಿಡಕೂಡದೆಂದು ಅಪ್ಪ ನನ್ನಿಂದ ಆಣೆ ಹಾಕಿಸಿಕೊಂಡಿದ್ದ. ಫೋನಿನಲ್ಲಿಯೇ ಹೇಳಬಹುದಿತ್ತಲ್ಲ ಎನ್ನಬೇಡ. ಅಪ್ಪನ ಹೆಸರು ಬಂದ ಕೂಡಲೇ ನಿನ್ನ ಕಡೆ ಕ್ಲಾಸಿನ ಬೆಲ್ ಹೊಡೆಯುತ್ತದೆ, ಭಾನುವಾರವೂ ಹೊಡೆಯುತ್ತದೆ. ಕಾಗದಕ್ಕೆ ಬೆಲ್ಲಿಲ್ಲ. ಅದೂ ಸ್ಪೀಡ್ ಪೋಸ್ಟು, ಸಹಿ ಮಾಡಿ ತೆಗೆದುಕೊಳ್ಳಲೇಬೇಕು.

ಈಗ ವಿಷಯ. ನಿನ್ನೆ ರಾಯಚೂರಿನ ಬಾಸ್ಕೆಟ್‌ಬಾಲ್ ಮೈದಾನದಲ್ಲಿ, ಮೆಟ್ಟಿಲ ಕೊನೆಯ ಸಾಲಿನಲ್ಲಿ, ಉರಿಬಿಸಿಲಿನಲ್ಲೂ ಹಸಿರು ಟವಲನ್ನು ಮುಖ ಮುಚ್ಚುವಂತೆ ಸುತ್ತಿಕೊಂಡು ಒಬ್ಬ ಮುದುಕ ಕೂತಿದ್ದ. ರೆಫ್ರಿಗೆ ಪದೇ ಪದೇ "ಮೂರು ಸೆಕೆಂಡ್, ಮೂರು ಸೆಕೆಂಡ್" ಎಂದು ಒದರುತ್ತಿದ್ದ. ಹತ್ತು ಸಲ ಒದರಿದ್ದರಲ್ಲಿ ಒಂದು ಸಲವೂ ಸರಿಯಿರಲಿಲ್ಲ. ಅವನ ಕಡೆ ತಿರುಗಿ ನೀನು ನಿನ್ನ ಹುಡುಗಿಯರಿಗೆ, ಯಾರೋ ತಲೆಕೆಟ್ಟವರು, ನೋಡಬೇಡಿ, ಆಟ ನೋಡಿ ಎಂದೆಯಂತೆ. ಆ ತಲೆಕೆಟ್ಟವರು ಶ್ರೀ ವೆಂಕೋಬ ಅವರು. ಕಾಲುವೆ ಇಲಾಖೆಯಲ್ಲಿ ಗೇಟಿನ ಚಕ್ರ ತಿರುಗಿಸಿ ಹೋದ ವರ್ಷ ರಿಟೈರ್ ಆದವರು. ನಮ್ಮಿಬ್ಬರ ತಂದೆ.

ಕಾಗದ ಮಡಚಿ ಇಡಬೇಡ. ನೀನು ಅವ್ವನಿಗೆ ಹೇಳಿದ ಮಾತು ನನಗೆ ನೆನಪಿದೆ: "ನಡುವ ಎದ್ದು ಹೋಗೋರ ಮುಂದ ನನ್ನ ಹುಡುಗ್ಯಾರು ಆಡೋದು ಬ್ಯಾಡ. ಅಪ್ಪ ಒಂದು ಮ್ಯಾಚಿಗೂ ಬರಬಾರದು." ಮುಂದಿನ ತಿಂಗಳು ನಿನ್ನ ತಂಡ ವಿಭಾಗ ಮಟ್ಟಕ್ಕೆ ಕಲಬುರಗಿಗೆ ಹೋಗುತ್ತದೆ. ಆ ಹೊತ್ತಿಗೆ ಈ ನಿಷೇಧಾಜ್ಞೆ ತೆರವಾಗಬೇಕು ಎಂಬುದು ಅರ್ಜಿದಾರನ ಬೇಡಿಕೆ. ಅರ್ಜಿದಾರ ನಾನಲ್ಲ. ನಾನು ಬರೀ ವಕೀಲ. ಫೀಸು ಇನ್ನೂ ಬಂದಿಲ್ಲ.

ಇದೆಲ್ಲ ಶುರುವಾದದ್ದು ಚಳಿಗಾಲದಲ್ಲಿ. ಅಮೆರಿಕದ ಬಾಸ್ಕೆಟ್‌ಬಾಲ್ ಲೀಗ್ ನೋಡಲು ಒಂದು ಆ್ಯಪಿಗೆ ನಾನು ಚಂದಾದಾರನಾದೆ. ಅವರ ರಾತ್ರಿಯ ಆಟ ನಮಗೆ ಬೆಳಗಿನ ಹಲ್ಲುಜ್ಜುವ ಹೊತ್ತಿಗೆ ಬರುತ್ತದೆ. ಚಂದಾ ನನ್ನದು, ಟಿವಿ ಅಪ್ಪನದು, ವೈಫೈ ಪಕ್ಕದ ಮನೆಯ ಖಾಜಾಮಿಯಾ ಚಾಚಾರದು. ಹಾಗಾಗಿ ಚಾಚಾ ಕೂಡ ಪ್ರತಿದಿನ ಹಾಜರು, ತಮ್ಮ ವೈಫೈ ಸರಿಯಾಗಿ ಖರ್ಚಾಗುತ್ತಿದೆಯೇ ನೋಡಲು. ಮೊದಮೊದಲು ಅಪ್ಪ ಬೈಯುತ್ತಿದ್ದ. ಮುಖ ತೊಳೆಯದೆ ಚೆಂಡು ನೋಡುವ ಮಗ ಯಾವ ನೌಕರಿ ಹಿಡಿದಾನು ಎಂದು ಬಾಗಿಲಲ್ಲಿ ನಿಂತು ಚಾಚಾರನ್ನು ಕೇಳುತ್ತಿದ್ದ. ಚಾಚಾ ನನ್ನ ಉಪ್ಪು ತಿಂದವರಲ್ಲ, ನಾನು ಅವರ ವೈಫೈ ತಿಂದವನು. ಆದ್ದರಿಂದ ಅವರೂ ತಲೆಯಾಡಿಸುತ್ತಿದ್ದರು.

ಫೆಬ್ರವರಿಯ ಒಂದು ಬೆಳಿಗ್ಗೆ ಅಪ್ಪ ಬಾಯಿ ತುಂಬ ಹಲ್ಲುಪುಡಿ ಇಟ್ಟುಕೊಂಡು ಟಿವಿ ಮುಂದಿನಿಂದ ಹಿತ್ತಲಿಗೆ ಹೊರಟಿದ್ದವನು ನಿಂತುಬಿಟ್ಟ. ಅವತ್ತು ಅವನು ಪರದೆಯ ಮೇಲೆ ಕಂಡದ್ದೇನು ಎಂಬುದನ್ನು ಕೊನೆಗೆ ಬರೆಯುತ್ತೇನೆ. ಸದ್ಯಕ್ಕೆ ಇಷ್ಟು ಸಾಕು: ಮರುದಿನ ನನಗಿಂತ ಮೊದಲು ಎದ್ದು, ಮುಖ ತೊಳೆದು, ಅಂಗಿ ಗುಂಡಿ ಹಾಕಿಕೊಂಡು ಟಿವಿ ಮುಂದೆ ಕೂತಿದ್ದ. "ಹಚ್ಚಲೇ. ಎಲ್ಲಾ ಮೊದಲಿಂದ ಹೇಳು. ಯಾವುದಕ್ಕ ಸೀಟಿ ಹೊಡಿತಾರ, ಯಾಕ ಹೊಡಿತಾರ."

ಅವನಿಗೆ ಕಲಿಸುವುದು ಸುಲಭದ ಕೆಲಸವಾಗಿರಲಿಲ್ಲ ಅಕ್ಕ. ತಂಡದ ಹೆಸರು ನಾಲಿಗೆಗೆ ಒಗ್ಗಲಿಲ್ಲ, ಅದಕ್ಕೆ ನಮ್ಮವರು ನೀಲಿ ಬನಿಯನ್‌ನವರಾದರು. ಬುಟ್ಟಿಯ ಕೆಳಗೆ ನಿಲ್ಲುವ ಎತ್ತರದವನು ಬೇವಿನಮರ, ಚೆಂಡು ತರುವ ಗಿಡ್ಡನು ಮೆಣಸಿನಕಾಯಿ. ಡಿಫೆನ್ಸ್ ಎಂದರೆ ಗೇಟು ಇಳಿಸುವುದು. ಬುಟ್ಟಿಯ ಕೆಳಗಿನ ಅಂಕಣದಲ್ಲಿ ಮೂರು ಸೆಕೆಂಡಿಗಿಂತ ಹೆಚ್ಚು ನಿಲ್ಲಬಾರದು ಎಂದಾಗ, ಹತ್ತಿ ಹೊಲದಲ್ಲಿ ನೀರು ನಿಂತಂತೆ ಎಂದು ತಾನೇ ಅರ್ಥ ಮಾಡಿಕೊಂಡ. ಅವತ್ತಿನಿಂದ ಎಲ್ಲಿ ಯಾರು ನಿಂತರೂ ಅವನಿಗೆ ಮೂರು ಸೆಕೆಂಡೇ. ಅವ್ವ ರೊಟ್ಟಿ ಬಡಿಯುತ್ತ ಒಳಗಿನಿಂದ, "ಇಷ್ಟು ದಿನ ಕಾಲುವಿ ಕಾಯ್ದ, ಈಗ ತಳ ಇಲ್ಲದ ಬುಟ್ಟಿ ಕಾಯಾಕತ್ಯಾನ" ಎನ್ನುತ್ತಿದ್ದಳು.

ಇನ್ನು ನನ್ನ ಅವತಾರದ ವಿಷಯ. ಚಾಚಾರ ವೈಫೈ ಎರಡು ಗೋಡೆ, ಒಂದು ನುಗ್ಗೆಮರ ದಾಟಿ ಬರುವಷ್ಟರಲ್ಲಿ ಆಟದ ಚಿತ್ರ ತುಸು ಹಿಂದೆ ಬೀಳುತ್ತದೆ. ನನ್ನ ಮೊಬೈಲಿನ ಸ್ಕೋರು ಮಾತ್ರ ಮುಂಚೆಯೇ ಬಂದು ಕೂತಿರುತ್ತದೆ. ಇಂಥ ವರವನ್ನು ವ್ಯರ್ಥ ಮಾಡಬಾರದೆಂದು ನಾನು ಕೌದಿಯೊಳಗೆ ಮೊಬೈಲ್ ಇಟ್ಟುಕೊಂಡು, ಕಣ್ಣು ಮುಚ್ಚಿ, ಹಣೆಗೆ ಎರಡು ಬೆರಳು ಒತ್ತಿ, "ಮೆಣಸಿನಕಾಯಿ ಈಗ ದೂರದಿಂದ ಹೊಡೆದು ಮೂರು ಪಾಯಿಂಟು ತರುವನು" ಎಂದು ನುಡಿಯತೊಡಗಿದೆ. ಅವನು ತರುತ್ತಿದ್ದ. ಚಾಚಾ ನನ್ನ ಕಡೆ ತಿರುಗಿ ಕೂರುವ ರೀತಿಯೇ ಬದಲಾಯಿತು. ಒಂದು ದಿನ ಮೆಲ್ಲಗೆ, ಅಳಿಯನಿಗೆ ಸಿರವಾರಕ್ಕೆ ವರ್ಗ ಆದೀತೇ ಎಂದು ಕೇಳಿದರು. ಬೇವಿನಮರದ ಆಟ ಮುಗಿಯುವುದರೊಳಗೆ ಆಗುವುದು ಎಂದು ಅಭಯ ಕೊಟ್ಟೆ. ಆಗಿಯೇಬಿಟ್ಟಿತು. ಅದಕ್ಕೆ ನಾನು ಹೊಣೆಯಲ್ಲ, ಆದರೆ ಅವರು ತಂದುಕೊಟ್ಟ ಜಿಲೇಬಿಯನ್ನು ವಾಪಸು ಕಳಿಸುವುದು ಸಭ್ಯತೆಯೂ ಅಲ್ಲ.

ಅಪ್ಪ ಎಲ್ಲ ನೋಡುತ್ತಿದ್ದ. ಒಂದು ಬೆಳಿಗ್ಗೆ ಸುಮ್ಮನೆ ಕಾಲಿನಿಂದ ಕೌದಿ ಎತ್ತಿದ. ಮಹಾತ್ಮರ ತೊಡೆಯ ಮೇಲೆ ಮೊಬೈಲು ಬೆಳಗುತ್ತಿತ್ತು. ಚಾಚಾ ಅವತ್ತು ಆಡಿದ ಉರ್ದುವನ್ನು ಬರೆದರೆ ಅಂಚೆ ಇಲಾಖೆ ಒಯ್ಯಲಿಕ್ಕಿಲ್ಲ. ಅಪ್ಪ ಮಾತ್ರ ಬೈಯಲಿಲ್ಲ. ಮೊಬೈಲು ತೆಗೆದುಕೊಂಡು ಒಳಗೆ ಹೋಗಿ ಜೋಳದ ಡಬ್ಬಿಯಲ್ಲಿ ಹಾಕಿ ಮುಚ್ಚಳ ಬಿಗಿದು ಬಂದ. ತನ್ನದನ್ನೂ, ಅವ್ವನದನ್ನೂ ಅದರಲ್ಲೇ ಹಾಕಿದ. "ಮುಂದಿಂದು ಮೊದಲ ಹೇಳಬ್ಯಾಡ. ಗೆದ್ರೂ ಅಷ್ಟ, ಸೋತ್ರೂ ಅಷ್ಟ, ನಾ ಕಡೀತನಕ ಕೂತು ನೋಡಾಂವ" ಎಂದ.

ಬೆಳಗಿನ ಹೊತ್ತು ಫೋನ್ ಯಾಕೆ ಎತ್ತುವುದಿಲ್ಲ ಎಂಬ ನಿನ್ನ ಪ್ರಶ್ನೆಗೆ ಇದೇ ಉತ್ತರ. ಮೂರೂ ಫೋನುಗಳು ಜೋಳದಲ್ಲಿದ್ದವು.

ನೀಲಿಯವರು ಕೊನೆಗೆ ಕಪ್ ಗೆಲ್ಲಲಿಲ್ಲ, ಅದಕ್ಕಿಂತ ಮೊದಲೇ ಸೋತರು. ಇಪ್ಪತ್ತು ಪಾಯಿಂಟು ಹಿಂದೆ ಬಿದ್ದಾಗ ಚಾಚಾ ಎದ್ದು ಮನೆಗೆ ಹೋದರು. ನಾನೂ ಟಿವಿ ಆರಿಸಲು ಹೋದೆ. ಅಪ್ಪ ರಿಮೋಟು ಬಿಡಲಿಲ್ಲ. ಕೊನೆಯ ಗಂಟೆ ಹೊಡೆದು, ಆಟಗಾರರು ಕೈಕುಲುಕಿ, ಜಾಹೀರಾತು ಬರುವವರೆಗೂ ಕೂತೇ ಇದ್ದ. ಆಮೇಲೆ ಕೇಳಿದ, ಸುಜವ್ವನ ಹುಡುಗಿಯರ ಮ್ಯಾಚು ಯಾವಾಗ ಎಂದು. ಆಗ ನನಗೆ ತಿಳಿಯಿತು, ಇಷ್ಟು ದಿನ ಇವನು ಅಮೆರಿಕ ನೋಡುತ್ತಿರಲಿಲ್ಲ.

ನಿನ್ನೆಯ ಬಸ್ಸಿನಲ್ಲಿ ನಾವು ಮೂವರು, ಅಂದರೆ ಅಪ್ಪ, ಚಾಚಾ, ವಕೀಲ. ಟವಲಿನ ಉಪಾಯ ನನ್ನದೇ. ಮಗಳು ಗುರುತು ಹಿಡಿದರೆ ಆಟ ಕೆಡುತ್ತದೆ ಎಂದು ಅಪ್ಪ ಒಪ್ಪಿದ. ಆಟ ನಿನಗೆ ಗೊತ್ತು, ಆದರೂ ಮೇಲಿನ ಸಾಲಿನಿಂದ ಕಂಡದ್ದನ್ನು ಹೇಳುತ್ತೇನೆ. ರಾಯಚೂರಿನ ಹುಡುಗಿಯರು ಒಂದೇ ಬಣ್ಣದ ಬೂಟು ಹಾಕಿ ಬಂದಾಗ ಚಾಚಾ, "ಮುಗೀತ್ ಬಿಡು ವೆಂಕೋಬ" ಎಂದರು. ಅಪ್ಪ ಕಣ್ಣು ಮಿಟುಕಿಸಲಿಲ್ಲ. ನಿನ್ನ ಫರ್ಹೀನ್ ಎದುರಿನ ಎತ್ತರದ ಹುಡುಗಿಗೆ ಗೋಡೆಯಂತೆ ನಿಂತಾಗ, ಗೇಟು ಇಳಿತು, ಗೇಟು ಇಳಿತು ಎಂದು ನನ್ನ ತೊಡೆ ಬಡಿದ. ಇನ್ನೂ ಕೆಂಪಗಿದೆ.

ಆಮೇಲೆ ಕೊನೆಯ ಪಾಳಿಯಲ್ಲಿ ಆ ಸೀಟಿ. ಫರ್ಹೀನಳ ಐದನೆಯ ಫೌಲು.

ಅಪ್ಪ ಎದ್ದು ನಿಂತ. "ಇನ್ನೊಂದು ಬಾಕಿ ಅದ ಸಾಹೇಬ್ರ! ಆರು ಇರ್ತಾವ! ಕೂಸಿಗೆ ಇನ್ನೊಂದು ಫೌಲು ಬಾಕಿ ಅದ!"

ಇಡೀ ಮೈದಾನ ನಮ್ಮ ಕಡೆ ತಿರುಗಿತು. ಜೀವಮಾನದಲ್ಲಿ ಎಷ್ಟೋ ಜನರನ್ನು ನಗೆಪಾಟಲು ಮಾಡಿದ ನನಗೆ ನಾನೇ ನಗೆಪಾಟಲಾಗುವುದು ಹೇಗಿರುತ್ತದೆಂದು ಆಗ ಗೊತ್ತಾಯಿತು. ಅಪ್ಪನ ಅಂಗಿ ಹಿಡಿದು ಜಗ್ಗಿದೆ.

"ಯಪ್ಪಾ, ಆರು ಇರೋದು ಟಿವಿಯಾಗ. ಅದು ಅವರ ಲೀಗಿನ ಕಾನೂನು. ಇಲ್ಲಿ ಐದಕ್ಕ ಹೊರಗ."

"ಇಲ್ಲಿ ಐದ ಏನು?"

"ಐದ."

ಫರ್ಹೀನ್ ಬನಿಯನ್ನಿನ ತುದಿಯಿಂದ ಮುಖ ಮುಚ್ಚಿಕೊಂಡು ಹೊರಗೆ ನಡೆಯುತ್ತಿದ್ದಳು. ಯಾರೋ ಕೆಳಗೆ ನಗುತ್ತಿದ್ದರು. ಅಪ್ಪ ಅವಳನ್ನೇ ನೋಡುತ್ತ ನಿಂತ. ಟವಲು ಜಾರಿ ಹೆಗಲಿಗೆ ಬಂತು, ಅವನಿಗೆ ಎಚ್ಚರವಿಲ್ಲ. ಆಮೇಲೆ ಚಪ್ಪಾಳೆ ತಟ್ಟತೊಡಗಿದ. ಗೇಟಿನ ಚಕ್ರ ತಿರುಗಿಸಿದ ಆ ಕೈಗಳ ಚಪ್ಪಾಳೆ ಹೇಗಿರುತ್ತದೆಂದು ನಿನಗೆ ಗೊತ್ತು, ಹಲಗೆ ಬಡಿದಂತೆ. ಒಬ್ಬನೇ. ಮೈದಾನಕ್ಕೆಲ್ಲ ಒಬ್ಬನೇ. ಆಮೇಲೆ ಚಾಚಾ ಎದ್ದರು, ಆಮೇಲೆ ನಾನು, ಆಮೇಲೆ ನಿನ್ನ ಶಾಲೆಯ ಅಡುಗೆಯ ಬಸವಂತಮ್ಮ, ಆಮೇಲೆ ನೋಡುನೋಡುತ್ತ ಅರ್ಧ ಮೈದಾನ. ರಾಯಚೂರಿನ ಕಡೆಯವರೂ. ನೀನು ಹಿಂದಕ್ಕೆ ತಿರುಗಲಿಲ್ಲ, ಫರ್ಹೀನಳ ತಲೆಯ ಮೇಲೆ ಕೈಯಿಟ್ಟು ಪಕ್ಕದಲ್ಲಿ ಕೂರಿಸಿಕೊಳ್ಳುತ್ತಿದ್ದೆ. ಅವಳು ಮುಖದಿಂದ ಬನಿಯನ್ ತೆಗೆದು ನಮ್ಮ ಕಡೆ ನೋಡಿದಳು.

ಉಳಿದ ಹುಡುಗಿಯರು ಆಮೇಲೆ ಆಡಿದ ಆಟಕ್ಕೆ ಆ ಆ್ಯಪಿನಲ್ಲೂ ಸಾಟಿ ಇಲ್ಲ. ಕೊನೆಯ ಚೆಂಡು ಹಲಗೆಗೆ ಬಡಿದು, ರಿಂಗಿನ ಸುತ್ತ ಉರುಳಿ, ಬೀಳಲೋ ಬೇಡವೋ ಎಂದು ಯೋಚಿಸಿ ಬಿತ್ತಲ್ಲ, ಆಗಲೇ ಅಪ್ಪನ ಗಂಟಲೂ ಬಿದ್ದದ್ದು. ಒಂದು ಪಾಯಿಂಟಿನ ಗೆಲುವು! ಚಾಚಾ ನನ್ನನ್ನು ಎತ್ತಿಕೊಳ್ಳಲು ಹೋಗಿ ಸೊಂಟ ಉಳುಕಿಸಿಕೊಂಡರು. ನೀನು ಹುಡುಗಿಯರ ನಡುವೆ ಕುಣಿಯುತ್ತಿದ್ದೆ. ಗಣಿತದ ಟೀಚರು ಹಾಗೆಲ್ಲ ಕುಣಿಯಬಹುದೆಂದು ನನಗೆ ಗೊತ್ತಿರಲಿಲ್ಲ.

ಕೆಳಗೆ ಹೋಗಿ ಮಾತಾಡಿಸೋಣವೆಂದೆ. ಅಪ್ಪ ಬೇಡವೆಂದು ಕೈಯಾಡಿಸಿದ. ಬಸ್ಸಿನಲ್ಲಿ ಮಾತ್ರ ಇಲ್ಲದ ಗಂಟಲಿನಲ್ಲಿ ಕಂಡಕ್ಟರಿಗೆ ಇಡೀ ಆಟ ಹೇಳಿದ. ಕಲ್ಲೂರು ದಾಟುವಷ್ಟರಲ್ಲಿ ಕಂಡಕ್ಟರನಿಗೂ ಮೂರು ಸೆಕೆಂಡಿನ ಕಾನೂನು ತಪ್ಪಾಗಿ ಬರುತ್ತಿತ್ತು.

ವಯಸ್ಸಿನಲ್ಲಿ ಚಿಕ್ಕವನಾದರೂ ಮಾಜಿ ಭವಿಷ್ಯವಾದಿಯಾದ್ದರಿಂದ ಆಶೀರ್ವದಿಸುವ ಹಕ್ಕು ನನಗಿದೆ. ನಿನ್ನ ಹುಡುಗಿಯರ ಬೂಟಿನ ದಾರ ನಡುವೆ ಬಿಚ್ಚದಿರಲಿ. ನಿನ್ನ ಕಡೆಯ ಫೌಲಿಗೆ ರೆಫ್ರಿಗಳ ಕಣ್ಣು ಮಂಜಾಗಲಿ. ಕಲಬುರಗಿಯ ರಿಂಗುಗಳು ನಿನಗೆ ಬಾವಿಯಷ್ಟು ಅಗಲವಾಗಲಿ. ಫರ್ಹೀನಳಿಗೆ ಮಾನ್ವಿಯ ಮೂವರು ಅಭಿಮಾನಿಗಳ ನಮಸ್ಕಾರ ತಿಳಿಸು. ಅವ್ವ ಶೇಂಗಾ ಚಟ್ನಿ ಕಟ್ಟಿಟ್ಟಿದ್ದಾಳೆ.

ಇಂತಿ ನಿನ್ನ ತಮ್ಮ,
ಫೀಸು ಕಾಣದ ವಕೀಲ,
ಹುಲಿಗೇಶ

ತಾ.ಕ.: ಫೆಬ್ರವರಿಯ ಆ ಬೆಳಗಿನದು ಹೇಳುತ್ತೇನೆಂದಿದ್ದೆ. ಟಿವಿಯಲ್ಲಿ ಅವತ್ತು ಬೇವಿನಮರಕ್ಕೆ ಆರನೆಯ ಫೌಲು ಆಯಿತು. ರೆಫ್ರಿ ಬೆರಳು ಮಾಡಿದ, ಅವನು ಹೊರಗೆ ನಡೆದ, ಜನವೆಲ್ಲ ಎದ್ದು ನಿಂತು ಚಪ್ಪಾಳೆ ಹೊಡೆದರು. ಅವನೇನು ಮಾಡಬಾರದ್ದು ಮಾಡಿದ ಎಂದು ಅಪ್ಪ ಕೇಳಿದ. ಏನೂ ಇಲ್ಲ, ಆಟದ ಲೆಕ್ಕ, ಯಾರಿಗಾದರೂ ಆಗುತ್ತದೆ, ಜೋರಾಗಿ ಆಡುವವರಿಗೇ ಹೆಚ್ಚು ಆಗುತ್ತದೆ ಎಂದೆ. ಹಿಂದಕ್ಕೆ ಎಳೆದು ಮತ್ತೆ ತೋರಿಸು ಎಂದ. ತೋರಿಸಿದೆ. ಮತ್ತೆ ಎಂದ. ಬಾಯಲ್ಲಿದ್ದ ಹಲ್ಲುಪುಡಿ ನುಂಗಿಬಿಟ್ಟಿದ್ದ. "ಹಂಗಾದ್ರ ನಮ್ಮ ಸುಜವ್ವಗೂ ಇದ ಆಗಿತ್ತೇನಲೇ?" ಎಂದ.

ನೀನು ಪಿಯುಸಿಯಲ್ಲಿದ್ದಾಗಿನ ಆ ಫೈನಲ್. ಅವನು ಕಾಲುವೆ ಕೆಲಸದಿಂದ ಮಣ್ಣಿನ ಕಾಲಲ್ಲೇ ಬಂದಿದ್ದ. ಸೀಟಿ ಹೊಡೆದು ರೆಫ್ರಿ ನಿನ್ನ ಕಡೆ ಬೆರಳು ತೋರಿಸಿದ, ನೀನು ತಲೆ ತಗ್ಗಿಸಿ ಹೊರಗೆ ಬಂದೆ. ಅಷ್ಟು ಮಂದಿಯ ನಡುವೆ ನಮ್ಮಂಥವರ ಕಡೆ ಬೆರಳು ತೋರಿಸಿ ಹೊರಗೆ ನಡೆ ಎಂದರೆ ಏನು ಅರ್ಥ ಎಂದು ಅಪ್ಪ ಸಣ್ಣವನಿದ್ದಾಗಿನಿಂದ ಕಂಡವನು, ಅಕ್ಕ. ಅವನಿಗೆ ಬೇರೆ ಅರ್ಥ ಗೊತ್ತಿರಲಿಲ್ಲ. ಇನ್ನೊಂದು ಮಾತು ನಿನ್ನ ಮೇಲೆ ಬೀಳುವುದರೊಳಗೆ ನಿನ್ನ ಕೈ ಹಿಡಿದು ಕರೆದುಕೊಂಡು ಬಂದ. ಮಗಳು ನಾಚಿಕೆ ತಂದಳೆಂದು ಅಪ್ಪ ಎಳೆದುಕೊಂಡು ಹೋದ ಎಂದು ನೀನು ತಿಳಿದೆ. ಮತ್ತೆ ಆಡಲಿಲ್ಲ. ಅವನೂ ಕೇಳಲಿಲ್ಲ.

ಈಗ ನನ್ನ ಪಕ್ಕದಲ್ಲೇ ಕೂತಿದ್ದಾನೆ. ದನಿ ಇಲ್ಲ, ಪಿಸುಗುಟ್ಟಿ ಬರೆಸುತ್ತಿದ್ದಾನೆ: "ಕೂಸಿನ ಮಾನ ಉಳಿಸೀನಿ ಅಂದ್ಕಂಡಿದ್ದೆ. ಐದಾದ್ರ ಕೂತು ಚಪ್ಪಾಳಿ ಹೊಡೀಬೇಕು ಅಂತ ನನಗ ಯಾರೂ ಹೇಳಿರಲಿಲ್ಲವ್ವ."

ಹಸಿರು ಟವಲು ಒಗೆದು ಹಗ್ಗದ ಮೇಲಿದೆ. ಕಲಬುರಗಿಗೆ ಅದನ್ನು ಮುಖಕ್ಕೆ ಸುತ್ತಿಕೊಂಡು ಬರಬೇಕೋ, ಹೆಗಲ ಮೇಲೆ ಹಾಕಿಕೊಂಡು ಬರಬೇಕೋ ನಿನ್ನನ್ನು ಕೇಳು ಎನ್ನುತ್ತಿದ್ದಾನೆ.