ನನ್ನ ಕಾಲಿನ ನಡಿಗೆ

ಶ್ರೇಯಾಳ ಅಪ್ಪನಿಗೆ,

ಸತ್ತವರು ಓದುವುದಿಲ್ಲ. ಬದುಕಿದ್ದಾಗಲೂ ನೀವು ನಾಟಕದ ಮಾತು ಬಿಟ್ಟು ಬೇರೇನೂ ಓದಿದವರಲ್ಲ.

ನಿನ್ನೆ ಪಡುಬಿದ್ರಿಯಲ್ಲಿ ನಿಮ್ಮ ತಂಡದವರು ನಿಮ್ಮ ಸಂಸ್ಮರಣೆ ಮಾಡಿದರು. ನೀವು ಮಹಾನ್ ಕಲಾವಿದರಂತೆ. ಸೀರೆ ಉಟ್ಟು ಕುಂಟುತ್ತ ಬರುವ ಕೆಲಸದವಳ ಪಾರ್ಟು ಒಂದನ್ನೇ ಜೀವಮಾನವಿಡೀ ಮಾಡಿದವರಿಗೆ ಎಂಥ ಹೊಗಳಿಕೆ! ಆ ನಡಿಗೆಯನ್ನು ಎಲ್ಲಿಂದ ತಂದರೋ ಎಂದು ಭಾಷಣಕಾರರಿಗೆಲ್ಲ ಬೆರಗು. ಮೀನಿನ ಬುಟ್ಟಿ ಹೊತ್ತು ಜಾರಿ ಬಿದ್ದು ಮುರಿದ ನನ್ನ ಕಾಲಿನಿಂದ ತಂದದ್ದೆಂದು ನೀವು ಯಾರಿಗೂ ಹೇಳಿರಲಿಲ್ಲ. ಅದನ್ನು ನೋಡಬಾರದೆಂದೇ ನಾನು ನಿಮ್ಮ ಒಂದು ನಾಟಕಕ್ಕೂ ಬಂದವಳಲ್ಲ. ಹಾಗಾಗಿ ಅಲ್ಲಿಯ ಜನರಿಗೆ ನನ್ನ ಕಾಲಿನ ವಿಷಯ ಗೊತ್ತಿಲ್ಲ.

ಶಾಲು ಹೊದೆಸಲು ನನ್ನನ್ನು ವೇದಿಕೆಗೆ ಕರೆದರು. ಎದ್ದು ನಾಲ್ಕು ಹೆಜ್ಜೆ ಇಡುವಷ್ಟರಲ್ಲಿ ಸಭೆಯೆಲ್ಲ ನಗತೊಡಗಿತು, ಚಪ್ಪಾಳೆ ಬೇರೆ.

"ಗಂಡ ಮಾಡ್ತಿದ್ದ ಹಾಗೇ ಉಂಟು ಮಾರಾಯ, ಚೂರೂ ವ್ಯತ್ಯಾಸ ಇಲ್ಲ," ಎಂದು ಮುಂದಿನ ಸಾಲಿನವನೊಬ್ಬ ಪಕ್ಕದವನಿಗೆ ಹೇಳಿದ. "ಇವರಿಗೂ ಒಂದು ಪಾರ್ಟು ಕೊಡಬಹುದಿತ್ತು, ಅಲ್ವಾ?"

ನೀವು ತಯಾರು ಮಾಡಿದ ಪ್ರೇಕ್ಷಕರು ಇವರು.

ವೇದಿಕೆಯ ಮೆಟ್ಟಿಲು ಎತ್ತರವಿತ್ತು. ಅಂಥ ಕಡೆ ನೀವು ಏನೂ ಹೇಳದೆ ಕೈ ಹಿಡಿದು ಹತ್ತಿಸುತ್ತಿದ್ದಿರಿ. ನಿನ್ನೆ ನಾನು ಅಲ್ಲಿ ನಿಂತೇ ಇದ್ದೆ. ಯಾರೂ ಬರಲಿಲ್ಲ. ಅದನ್ನೂ ಚೆನ್ನಾಗಿ ನಟಿಸುತ್ತಿದ್ದೇನೆ ಎಂದುಕೊಂಡು ಇನ್ನಷ್ಟು ನಕ್ಕರು.