ನೋಹನ ನಾವೆಯಲ್ಲಿ ಕಾಡವ್ವನ ಎಮ್ಮೆ

ಗೋಕಾಕ
ಶನಿವಾರ, ೧೧ ಏಪ್ರಿಲ್ ೨೦೨೬

ಪ್ರೀತಿಯ ಅವ್ವನಿಗೆ,

ಸುವರ್ಣಾಳ ವಂದನೆಗಳು. ವಂದನೆ ಓದಿದ ಕೂಡಲೇ ಪತ್ರ ಮಡಚಿ ಇಡಬೇಡ. ಫೋನಿನಲ್ಲಾದರೆ ನೀನು ನನ್ನ ಮಾತು ಅರ್ಧಕ್ಕೇ ಕಡಿಯುತ್ತೀ, ನಾನೂ ಸಿಟ್ಟಿನ ಕೈಗೆ ಬುದ್ಧಿ ಕೊಟ್ಟು ಏನಾದರೂ ಅಂದುಬಿಡುತ್ತೇನೆ. ಅದಕ್ಕೇ ಈ ಕಾಗದ. ನಿವೃತ್ತಿಯಾದರೂ ನಿನ್ನ ಕೆಂಪು ಪೆನ್ನು ಕನ್ನಡಕದ ಡಬ್ಬಿಯಲ್ಲೇ ಇರುತ್ತದೆ ಅಂತ ನನಗೆ ಗೊತ್ತು. ತಪ್ಪು ಕಂಡಲ್ಲೆಲ್ಲ ಧಾರಾಳವಾಗಿ ತಿದ್ದು, ಆದರೆ ಕೊನೆಯ ತನಕ ಓದು.

ದೀಪಾವಳಿ ಸೂಟಿ ಮುಗಿದ ಮೇಲೆ ನಾನು ಕಾಜಲಳನ್ನು ಶಾಲೆಗೆ ಕಳಿಸಲಿಲ್ಲ, ಮನೆಯಲ್ಲೇ ಕಲಿಸುತ್ತಿದ್ದೇನೆ. ಇಷ್ಟು ನಿನಗೆ ಗೊತ್ತು. ಗೊತ್ತಿಲ್ಲದ್ದು ಒಂದಿದೆ. ಈಸ್ಟರ್ ದಿನ ಚರ್ಚಿನಿಂದ ಬರುವಾಗ ನಿನ್ನ ಅಳಿಯ ಸ್ಕೂಟರ್ ನಿಲ್ಲಿಸಿ ಹೇಳಿದ: "ನಾ ಮಿಲ್ಲಿನ್ಯಾಗ ಮಷಿನ್ ರಿಪೇರಿ ಮಾಡಾಂವ. ಸಾಲಿ ವಿಚಾರ ನನಗ ತಿಳಿಯೂದಿಲ್ಲ, ನಿಮ್ಮ ಅವ್ವಗ ತಿಳೀತೈತಿ. ಅವ್ರು ಬಂದು ಹುಡುಗೀನ ನೋಡಿ ಹೂಂ ಅಂದ್ರ ಮುಂದೂ ಮನ್ಯಾಗ ಕಲಿಸು. ಬ್ಯಾಡ ಅಂದ್ರ ಜೂನ್‌ದಾಗ ಸಾಲಿಗೆ ಕಳಸೂಣು." ಸುಧಾಕರ ವರ್ಷಕ್ಕೊಮ್ಮೆ ಮಾತಾಡುತ್ತಾನೆ, ಆಡಿದರೆ ಹೀಗೆ. ನಾನು ಒಪ್ಪಿಕೊಂಡೆ. ಕಾಜಲಳ ಮುಂದಿನ ವರ್ಷ ಈಗ ನಿನ್ನ ಒಂದು ಹೂಂ ಮೇಲೆ ನಿಂತಿದೆ. ಈ ಅಳಿಯನನ್ನು ಆರಿಸಿದ್ದೂ ನೀನೇ, ನೆನಪಿರಲಿ.

ಶಾಲೆ ಬಿಡಿಸಿದ್ದನ್ನು ನೀನು ನಿನ್ನ ಬದುಕಿಗೇ ಮಾಡಿದ ಅವಮಾನ ಅಂತ ತಿಳಿದೆ. ಹುಕ್ಕೇರಿಯಲ್ಲಿ ಈಗಲೂ ನಿನ್ನ ತರಗತಿಯಲ್ಲಿ ಕಲಿತ ನಡುವಯಸ್ಸಿನ ಗಂಡಸರು ನಿನ್ನನ್ನು ಕಂಡರೆ ಬೈಕಿನಿಂದಿಳಿದು "ನಮಸ್ಕಾರ್ರಿ ಅಕ್ಕೋರ" ಅನ್ನುತ್ತಾರೆ. ಅಂಥ ಅಕ್ಕೋರ ಮೊಮ್ಮಗಳು ಶಾಲೆ ಬಿಟ್ಟಳೆಂದರೆ ನಿನಗೆ ಹೇಗಾಗಿರಬೇಡ. ಆದರೆ ನೀನು ಆ ಹುಡುಗಿಯನ್ನು ದಸರೆಯ ಹೊತ್ತಿಗೆ ನೋಡಬೇಕಿತ್ತು. ಅಕ್ಷರಗಳು ಅವಳ ಕಣ್ಣಿಗೆ ನಿಲ್ಲುತ್ತಿರಲಿಲ್ಲ. ತರಗತಿಯಲ್ಲಿ ಹಿಂದಿನ ಬೆಂಚಿಗೆ ಹಾಕಿದ್ದರು. ಅವಳ ಸರದಿ ಬಂದಾಗ ಎಲ್ಲರೂ ಮೊದಲೇ ನಗಲು ತಯಾರಾಗಿರುತ್ತಿದ್ದರಂತೆ. ಬೆಳಗಾದರೆ ಬಾಯಿಗೆ ಬೀಗವಿಲ್ಲದೆ ಮಾತಾಡುತ್ತಿದ್ದ ಮಗು ಮನೆಯಲ್ಲೂ ಮಾತು ಬಿಟ್ಟಿತು. ಏನು ಕೇಳಿದರೂ ತಲೆಯಾಡಿಸುವುದು, ಅಷ್ಟೇ. ನನಗೆ ಹೆದರಿಕೆಯಾಯಿತು, ಅವ್ವಾ. ಹೆದರಿಕೆಯಿಂದಲೇ ಬಿಡಿಸಿದೆ, ಧೈರ್ಯದಿಂದಲ್ಲ.

ಮೂಡಲಗಿಯ ಸುಶೀಲಾ ನಿನಗೆ ಗೊತ್ತು, ಕ್ವಾಯರಿನಲ್ಲಿ ಎಲ್ಲರಿಗಿಂತ ಎತ್ತರದ ದನಿಯವಳು. ಅವಳು ತನ್ನ ಇಬ್ಬರು ಮಕ್ಕಳಿಗೂ ಮನೆಯಲ್ಲೇ ಕಲಿಸುತ್ತಾಳೆ. ಬಸ್ಸು ಹತ್ತಿ ಅವಳ ಮನೆಗೆ ಹೋದೆ. ಪಡಸಾಲೆಯ ಚಾಪೆಯ ತುಂಬ ಪುಸ್ತಕ ಹರವಿ ಕೂತಿದ್ದಳು. ಕ್ರೈಸ್ತ ಕುಟುಂಬಗಳಿಗೆಂದೇ ಮಾಡಿದ ಮನೆಶಾಲೆಯ ಪಠ್ಯಕ್ರಮಗಳಂತೆ. ಒಂದೊಂದಕ್ಕೂ ಒಂದೊಂದು ದಾರಿ. ಅವಳು ಹಿಡಿದಿದ್ದ ದಾರಿ ಕಥೆಯದು. ಬೆಳಿಗ್ಗೆ ಸತ್ಯವೇದ ಓದಿ ಪ್ರಾರ್ಥನೆ, ಆಮೇಲೆ ಪಾಠದ ಪುಸ್ತಕದ ಬದಲು ಒಳ್ಳೆಯ ಕಥೆ ಪುಸ್ತಕ. ತಾಯಿ ಗಟ್ಟಿಯಾಗಿ ಓದಬೇಕು, ಮಗು ಕೇಳಿ ಅದನ್ನು ತನ್ನ ಮಾತಿನಲ್ಲಿ ತಿರುಗಿ ಹೇಳಬೇಕು. ಪ್ರಶ್ನೆ ಕೇಳುವಂತಿಲ್ಲ, ನಡುವೆ ತಿದ್ದುವಂತಿಲ್ಲ. ಇದು ನನಗೆ ಒಗ್ಗಿಬಂತು. ಕಷ್ಟವಾದದ್ದು ಯಾವ ಪಠ್ಯಕ್ರಮ ಅಂತ ಆರಿಸುವುದು.

ಮೊದಲನೆಯದು ಸಮುದ್ರದಾಚೆಯಿಂದ ಬಂದ ಪೆಟ್ಟಿಗೆ. ಸುಶೀಲಾ ಓದಿ ಮುಗಿಸಿದ್ದನ್ನು ನನಗೆ ಕೊಟ್ಟಳು. ಯಾವ ದಿನ ಏನು ಓದಬೇಕು, ಏನು ಮಾಡಬೇಕು, ಎಲ್ಲ ಅದರಲ್ಲೇ ಇತ್ತು. ನಿನಗೆ ನಾನು ಗೊತ್ತಲ್ಲ, ಬರೆದದ್ದನ್ನು ಬರೆದಂತೆಯೇ ಮಾಡುವವಳು. ಡಿಸೆಂಬರ್ ತಿಂಗಳ ಪುಟದಲ್ಲಿ ಹಕ್ಕಿಗಳಿಗೆ ಚಳಿಯಲ್ಲಿ ತಿನ್ನಲು ಸಿಗುವುದಿಲ್ಲ, ಕಿಟಕಿಗೆ ಶೇಂಗಾದ ಮುದ್ದೆ ತೂಗುಹಾಕಿ ಅಂತಿತ್ತು. ನಾನು ಶೇಂಗಾ ಕುಟ್ಟಿ, ಬೆಲ್ಲ ಬೆರೆಸಿ, ಕಿಟಕಿಯ ಸರಳಿಗೆ ಕಟ್ಟಿ, ಮಗಳನ್ನು ಪಕ್ಕದಲ್ಲಿ ಕೂರಿಸಿಕೊಂಡು ಹಕ್ಕಿಗೆ ಕಾದೆ. ಬಂದದ್ದು ಗುಡ್ಡದ ಮಂಗಗಳು. ಮುದ್ದೆ ಹೋಯಿತು, ಒಣಹಾಕಿದ್ದ ಸಂಡಿಗೆ ಹೋಯಿತು, ಪಾಠದ ಗೈಡ್ ಪುಸ್ತಕವನ್ನೂ ಒಂದು ಮಂಗ ಎತ್ತಿಕೊಂಡು ಹೋಗಿ ಕಾಡವ್ವನ ಹೆಂಚಿನ ಮೇಲೆ ಕೂತು ಪುಟ ಪುಟ ನೋಡಿತು. ಪಕ್ಕದ ಮನೆಯ ಕಾಡವ್ವ ಬಡಿಗೆ ಹಿಡಿದು ಹೊರಗೆ ಬಂದು, "ಸುವರ್ಣಾ, ನಿನ್ನ ಸಾಲಿಗೆ ಹೊಸಾ ಮಾಸ್ತರ ಬಂದಾರ ನೋಡ" ಅಂದಳು. ಅವತ್ತು ಕಾಜಲ್ ಎಷ್ಟೋ ದಿನದ ಮೇಲೆ ನಕ್ಕಳು. ಅಷ್ಟಕ್ಕಾದರೂ ಆ ಪೆಟ್ಟಿಗೆಗೆ ನಾನು ಋಣಿ.

ನಕ್ಕಳೇ ಹೊರತು ಓದಿದ ಕಥೆಯನ್ನು ತಿರುಗಿ ಹೇಳಲಿಲ್ಲ. ಹಿಮ, ಹಿಮದ ಮೇಲೆ ಜಾರುವ ಸ್ಲೆಡ್ಜು ಬಂಡಿ, ಕಾಡಿನ ಮರದ ಮನೆ, ಎಲ್ಲ ಕನ್ನಡ ಮಾಡುತ್ತ ಓದಿದೆ. ಸುಮ್ಮನೆ ಕೇಳುತ್ತಿದ್ದಳು, "ಹೇಳವಾ" ಅಂದರೆ ಗೋಡೆ ನೋಡುತ್ತಿದ್ದಳು. ಒಂದು ದಿನ ತಾಳ್ಮೆಗೆಟ್ಟು ಕೂಗಾಡಿದೆ, ಅವಳು ಮಂಚದ ಕೆಳಗೆ ಹೋಗಿ ಕೂತಳು. ಶಾಲೆ ಬಿಡಿಸಬೇಡ ಅಂತ ನೀನು ಅಂದದ್ದೇ ಸರಿಯೇನೋ ಅಂತ ಆಗ ಅನಿಸಿತ್ತು.

ಕ್ರಿಸ್ಮಸ್ಸಿನ ದಿನದ ಮಾತು ಬರೆಯಬಾರದು ಅಂತಿದ್ದೆ. ಆಗುವುದಿಲ್ಲ, ಬರೆಯುತ್ತೇನೆ. ನಿನ್ನ ಮನೆಯಲ್ಲಿ ಊಟ ಮುಗಿದು ಎಲ್ಲರೂ ಕೂತಿದ್ದರು. ನೀನು ಕುರ್ಚಿಯ ಮೇಲೆ ಕೂತು ಕಾಜಲಳನ್ನು ಎದುರಿಗೆ ನಿಲ್ಲಿಸಿ, ಸತ್ಯವೇದ ಕೈಗೆ ಕೊಟ್ಟು ಓದು ಅಂದೆ. ಅವಳ ತುಟಿ ಅಲ್ಲಾಡಿತು, ಸ್ವರ ಬರಲಿಲ್ಲ. "ಒಂದು ಸಾಲು ಓದಾಕ ಬರವಲ್ದು! ಇದೇನ ನಿನ್ನ ಮನಿ ಸಾಲಿ?" ಅಂತ ನೀನು ನನ್ನನ್ನು ಕೇಳಿದೆ. ನನ್ನನ್ನು ಕೇಳಿದ್ದು ನಿಜ, ಆದರೆ ಎದುರಿಗೆ ನಿಂತಿದ್ದವಳು ಅವಳು. ಬಸ್ಸಿನಲ್ಲಿ ಗೋಕಾಕ ಬರುವ ತನಕ ನನ್ನ ಸೆರಗು ಬಿಡಲಿಲ್ಲ. ನನಗೆ ನಿನ್ನ ಮೇಲೆ ಬಹಳ ಸಿಟ್ಟು ಬಂದಿತ್ತು, ಅವ್ವಾ. ಬರೆದೆನಲ್ಲ, ಈಗ ಹಗುರಾಯಿತು.

ಜನವರಿಯಲ್ಲಿ ಅದೇ ಪೆಟ್ಟಿಗೆಯ ಇನ್ನೊಂದು ಪುಸ್ತಕ ತೆಗೆದೆ. ಅದರಲ್ಲಿ ಹಿಂದೂಸ್ತಾನದ ಒಂದು ಹಳ್ಳಿ. ಆ ಹಳ್ಳಿಯಲ್ಲಿ ಯಾರ ಎದೆಯಲ್ಲೂ ಕರುಣೆ ಇಲ್ಲ. ದೂರದೇಶದ ದೊರೆಸಾನಿ ಬಂದು ಸತ್ಯವೇದ ಕಲಿಸಿದ ಮೇಲೆಯೇ ಒಬ್ಬರನ್ನೊಬ್ಬರು ಪ್ರೀತಿಸಲು ಶುರುಮಾಡುತ್ತಾರೆ. ನಾನು ಪುಟ ಮುಗಿಸಿದ ಕೂಡಲೇ ಕಾಜಲ್ ಬಾಯಿ ತೆರೆದಳು. ಕಥೆ ಹೇಳಲು ಅಲ್ಲ, ಕೇಳಲು. "ಅವ್ವಾ, ಈ ಪುಸ್ತಕ ಬರದಾವ್ರು ಕಾಡವ್ವ ಅಜ್ಜಿ ಮನಿಗೆ ಬಂದಿದ್ರೇನು?" ಅಂದಳು. ನಾನು ಇಲ್ಲ ಅಂದೆ. "ಹಂಗಾರ ಅವ್ರಿಗೆ ಹೆಂಗ ಗೊತ್ತ?" ಅಂದಳು. ನಾನು ಪುಸ್ತಕ ಮುಚ್ಚಿದೆ.

ಕಾಡವ್ವ ಯಾರೆಂದು ನಿನಗೆ ಹೇಳಬೇಕಾಗಿಲ್ಲ. ಹೋದ ವರ್ಷದ ಹಿಂದಿನ ವರ್ಷ ಹೊಳೆ ನಮ್ಮ ಓಣಿಗೆ ನುಗ್ಗಿದಾಗ ಸುಧಾಕರ ಮಿಲ್ಲಿನಲ್ಲಿದ್ದ. ನಾನು ಜ್ವರದಲ್ಲಿ ಮಲಗಿದ್ದೆ. ಎದೆಮಟ್ಟ ನೀರಿನಲ್ಲಿ ಬಂದು ಕಾಜಲಳನ್ನು ಹೆಗಲ ಮೇಲೆ ಕೂರಿಸಿಕೊಂಡು, ನನ್ನ ಕೈ ಹಿಡಿದು ಬೋಟಿನ ತನಕ ಒಯ್ದವಳು ಚರ್ಚಿನ ಮೆಟ್ಟಿಲನ್ನೇ ಹತ್ತದ ಅವಳು. ಆಮೇಲೆ ತಾನು ಮಾತ್ರ ಬೋಟು ಹತ್ತಲೊಲ್ಲೆ ಅಂದಳು, ಎಮ್ಮೆ ಹಿತ್ತಲಲ್ಲಿತ್ತು. ಬೋಟಿನವರು ಬೈದರು, ಕೈಮುಗಿದರು. ಕೊನೆಗೆ ಎಮ್ಮೆಯನ್ನು ಬೋಟಿಗೆ ಕಟ್ಟಿ ಈಜಿಸಿಕೊಂಡು ಬಂದ ಮೇಲೆಯೇ ಅವಳೂ ಬಂದಳು. ನೆರೆಯವರನ್ನು ಪ್ರೀತಿಸು ಅಂತ ಕಲಿಸಲು ಹೊರಟ ಪುಸ್ತಕ ನೆರೆಮನೆಯ ಬಗ್ಗೆ ಸುಳ್ಳು ಹೇಳಬಾರದು. ನನ್ನ ವಿಶ್ವಾಸ ಗಟ್ಟಿಯೇ ಇದೆ, ಅದಕ್ಕೇ ಆ ಪೆಟ್ಟಿಗೆಯನ್ನು ಸುಶೀಲಾಗೆ ವಾಪಸು ಕೊಟ್ಟೆ. ಅವಳು ಬೇಸರ ಮಾಡಿಕೊಳ್ಳಲಿಲ್ಲ, ಆ ಪುಸ್ತಕವನ್ನು ತಾನೂ ಓದದೆ ಬಿಟ್ಟಿದ್ದೆ ಅಂದಳು. ಮೊದಲೇ ಹೇಳಬಾರದಿತ್ತೇ ಅಂತ ಅವಳ ಮೇಲೂ ಒಂದಿಷ್ಟು ಸಿಡುಕಿದೆ.

ಎರಡನೆಯದು ಬರೀ ಅಭ್ಯಾಸ ಪುಸ್ತಕಗಳು. ಪ್ರತಿ ಪುಟದ ಕೆಳಗೆ ಸತ್ಯವೇದದ ಒಂದು ವಾಕ್ಯ, ಲೆಕ್ಕದಲ್ಲೂ ಕುರಿಮರಿಗಳೇ. ಉಳಿದದ್ದೆಲ್ಲ ಬಿಟ್ಟ ಸ್ಥಳ ತುಂಬುವುದು. ಆ ಹುಡುಗಿ ಬಿಟ್ಟ ಸ್ಥಳವನ್ನು ನೋಡಿದರೇ ಬೆವರುತ್ತಾಳೆ. ಅದನ್ನೂ ಬಿಟ್ಟೆ.

ಯಾವುದೂ ಇಲ್ಲದ ಆ ವಾರದಲ್ಲಿ ಬೇರೆ ದಾರಿ ಕಾಣದೆ ಸತ್ಯವೇದದಿಂದ ನೋಹನ ಕಥೆ ಓದಿದೆ. ಹೊರಗೆ ಕಟ್ಟೆಯ ಮೇಲೆ ಕೂತಿದ್ದೆವು. ಕಾಡವ್ವ ಅಲ್ಲೇ ಸೊಪ್ಪು ಸೋಸುತ್ತ ಕೇಳುತ್ತಿದ್ದಳು. ಓದಿ ಮುಗಿಸಿ ನಾನು ಹೇಳು ಅನ್ನಲೂ ಇಲ್ಲ. ಕಾಜಲ್ ತಾನೇ ಶುರುಮಾಡಿದಳು:

"ಮಳಿ ಭಾಳ ಆತು. ಹೊಳಿ ಓಣ್ಯಾಗ ಬಂತು. ದೇವರು ನೋಹಗ ಮೊದಲ ಫೋನ್ ಮಾಡಿ ಹೇಳಿದ್ದ. ಮಂದಿ ಎಲ್ಲಾ ನಕ್ಕಿದ್ರು. ನೋಹ ಮೊದಲ ಎಮ್ಮಿ ಹತ್ತಿಸಿದ. ಯಾಕಂದ್ರ ಎಮ್ಮಿ ಹತ್ತಲಿಲ್ಲಂದ್ರ ಕಾಡವ್ವ ಅಜ್ಜಿ ಹತ್ತತಿದ್ದಿಲ್ಲ."

ಅಲ್ಲಿಂದ ಮುಂದೆ ಪಾರಿವಾಳ, ಗುಡ್ಡ, ಮಳೆಬಿಲ್ಲಿನ ತನಕ ಎಲ್ಲ ಹೇಳಿದಳು. ಒಂದನ್ನೂ ಬಿಡಲಿಲ್ಲ. ಕಾಡವ್ವ ಸೊಪ್ಪು ಬಿಟ್ಟು ಕಣ್ಣೊರೆಸಿಕೊಂಡು, "ಖರೆ ಐತಿ ನೋಡ, ಅಂವ ಶಾಣ್ಯಾ ಇದ್ದ" ಅಂದಳು, ನೋಹನ ಬಗ್ಗೆ. ನಾನು ಒಳಗೆ ಹೋಗಿ ಅಡಿಗೆಮನೆಯಲ್ಲಿ ನಿಂತು ಅತ್ತೆ.

ಅವಳು ಹೇಳಿದ್ದನ್ನು ಹೇಳಿದ ಹಾಗೆಯೇ ಹಳೆಯ ಕ್ಯಾಲೆಂಡರಿನ ಬೆನ್ನಿಗೆ ದೊಡ್ಡ ಅಕ್ಷರದಲ್ಲಿ ಬರೆದು ಗೋಡೆಗೆ ಅಂಟಿಸಿದೆ. ಮೊದಲು ಎಮ್ಮಿ ಅನ್ನುವ ಮಾತು ಎಲ್ಲಿದೆ ಅಂತ ಹುಡುಕಿದಳು. ಆಮೇಲೆ ಅಜ್ಜಿ. ತನ್ನದೇ ಮಾತಾದ್ದರಿಂದ ಮುಂದೇನಿದೆ ಅಂತ ಅವಳಿಗೆ ಗೊತ್ತು, ಹೆದರಿಕೆ ಇಲ್ಲ. ಬೆರಳಿಟ್ಟು ಬೆರಳಿಟ್ಟು ಒಂದು ದಿನ ಇಡೀ ಗೋಡೆ ಓದಿದಳು. ಈಗ ನಮ್ಮ ಪಡಸಾಲೆಯ ಗೋಡೆ ಕಾಣುವುದಿಲ್ಲ. ದಾವೀದ ಇದ್ದಾನೆ, ರೂತಳು ಇದ್ದಾಳೆ, ಧುಪದಾಳದ ಬಂಧಾರದ ಹಿನ್ನೀರಿನಲ್ಲಿ ನಾವು ನೋಡಿ ಬಂದ ಹಕ್ಕಿಗಳೂ ಇವೆ. ಸಂಜೆ ಓಣಿಯ ಮಕ್ಕಳು ಶಾಲೆಯಿಂದ ಬಂದು ಕಟ್ಟೆಯ ಮೇಲೆ ಕೂತು ಕಥೆ ಕೇಳುತ್ತಾರೆ. "ಹುಡುಗಿ ಬರೇ ನಮ್ಮ ಮಂದ್ಯಾಗ ಬೆಳೀಬೇಕೇನು?" ಅಂತ ಕೇಳಿದ್ದೆಯಲ್ಲ, ಬಂದು ನೋಡು. ಪರೀಕ್ಷೆಯ ಮಾತನ್ನೂ ನೀನು ಕೇಳಿದ್ದೆ. ದೊಡ್ಡವಳಾದ ಮೇಲೆ ಓಪನ್ ಸ್ಕೂಲಿನಿಂದ ಬರೆಸಬಹುದು, ವಿಚಾರಿಸಿದ್ದೇನೆ.

ಪಠ್ಯಕ್ರಮವನ್ನೂ ಆರಿಸಿದೆ. ಮೂರನೆಯದು. ನಮ್ಮ ದೇಶದ್ದೇ ಕೆಲವು ಕ್ರೈಸ್ತ ತಾಯಂದಿರು ಸೇರಿ ಮಾಡಿದ್ದು, ತೆಳ್ಳಗಿದೆ. ಸತ್ಯವೇದ, ಹಾಡು, ಕಥೆ, ತಿರುಗಿ ಹೇಳುವುದು, ನಡೆದಾಡಿ ನೋಡುವುದು, ಕೈಕೆಲಸ. ಇಷ್ಟರ ಚೌಕಟ್ಟು ಮಾತ್ರ ಕೊಟ್ಟಿದ್ದಾರೆ. ಮನೆಮಾತಿನ ಪುಸ್ತಕಗಳು ಅನ್ನುವ ಕಡೆ ಖಾಲಿ ಬಿಟ್ಟು, ನಿಮ್ಮ ಕುಟುಂಬವೇ ತುಂಬಿಕೊಳ್ಳಿ ಅಂದಿದ್ದಾರೆ. ಅದನ್ನು ನಾನು ತುಂಬಲಾರೆ. ನನಗೆ ಗೊತ್ತಿರುವ ಕನ್ನಡ ಕಥೆಗಳೆಲ್ಲ ನಿನ್ನವು. ಶನಿವಾರ ಬೆಳಗಿನ ಶಾಲೆಯಲ್ಲಿ ನೀನು ಪಾಠದ ಪುಸ್ತಕ ಬದಿಗಿಟ್ಟು ಕಥೆ ಓದುತ್ತಿದ್ದೆ. ಆಮೇಲೆ ಒಬ್ಬೊಬ್ಬರನ್ನೇ ಕರೆದು, "ನಿನ್ನ ಬಾಯಿಲೆ ಹೇಳಪಾ" ಅನ್ನುತ್ತಿದ್ದೆ. ಅವತ್ತು ಯಾರಿಗೂ ಏಟಿಲ್ಲ, ತಿದ್ದುಪಡಿ ಇಲ್ಲ. ಶನಿವಾರ ಯಾರೂ ಶಾಲೆ ತಪ್ಪಿಸುತ್ತಿರಲಿಲ್ಲ. ಸುಶೀಲಾಳ ಚಾಪೆಯ ಮೇಲೆ ಕೂತು ಇದನ್ನೆಲ್ಲ ಹೊಸದೆಂಬಂತೆ ಕೇಳಿದೆನಲ್ಲ, ನನಗೆ ನಾಚಿಕೆಯಾಗಬೇಕು. ನಾನು ನಿನ್ನ ಶಾಲೆಯನ್ನು ಬಿಡಿಸಿಲ್ಲ, ಅವ್ವಾ. ನಿನ್ನ ಶನಿವಾರವನ್ನು ಇಡೀ ವಾರಕ್ಕೆ ಎಳೆದಿದ್ದೇನೆ.

ಬರುವ ಶನಿವಾರ ಬಾ. ಹುಕ್ಕೇರಿಯಿಂದ ಬೆಳಗಿನ ಬಸ್ಸಿಗೇ ಹೊರಡು, ಬಿಸಿಲಾಗುವ ಮೊದಲು ಮುಟ್ಟುತ್ತೀ. ಸುಧಾಕರ ಸ್ಟ್ಯಾಂಡಿಗೆ ಬರುತ್ತಾನೆ. ಕಿಟಕಿಯ ಹತ್ತಿರ ನಿನಗೆ ಕುರ್ಚಿ ಹಾಕಿಡುತ್ತೇನೆ. ನಿನಗೆ ಬೇಕಾದ್ದನ್ನು ಓದಿಸು. ಎಲ್ಲ ಬರುತ್ತದೆ ಅಂತ ನಾನು ಹೇಳುವುದಿಲ್ಲ, ಹೊಸ ಪುಟ ಕಂಡರೆ ಈಗಲೂ ತಡವರಿಸುತ್ತಾಳೆ. ನೀನು ಬೇಡ ಅಂದರೆ ಜೂನಿನಲ್ಲಿ ಅವಳ ಚೀಲ ನಾನೇ ತುಂಬುತ್ತೇನೆ, ಮಾತಿಗೆ ತಪ್ಪುವುದಿಲ್ಲ. ಆದರೆ ಹೂಂ ಅಂತೀ ಅಂತ ನನ್ನ ಆಸೆ. ಆಸೆಯನ್ನು ಮುಚ್ಚಿಟ್ಟು ಏನು ಮಾಡಲಿ.

ಬರುವಾಗ ಕೆಂಪು ಪೆನ್ನು ತಾ, ಬಿಟ್ಟು ಬಾ ಅಂದರೂ ನೀನು ಬಿಡುವವಳಲ್ಲ.

ನಿನ್ನನ್ನು ನೋಡದೆ ಸೊರಗಿದ, ಆದರೂ ಸೋಲೊಪ್ಪದ ಮಗಳು,
ಸುವರ್ಣಾ

ತಾ.ಕ.: ಪತ್ರವನ್ನು ಮೇಜಿನ ಮೇಲಿಟ್ಟು ರೊಟ್ಟಿ ಬಡಿಯಲು ಹೋಗಿದ್ದೆ. ತಿರುಗಿ ಬಂದಾಗ ಕಾಜಲ್ ಬೆರಳಿಟ್ಟುಕೊಂಡು ಓದುತ್ತಿದ್ದಳು. ಗೋಡೆಯ ಮೇಲಿನದಲ್ಲ, ಅವಳದೇ ಮಾತಲ್ಲ, ಈ ಪತ್ರ, ನನ್ನ ಕೆಟ್ಟ ಅಕ್ಷರದಲ್ಲಿ. ನಾನು ಬಾಗಿಲಲ್ಲೇ ನಿಂತೆ. ನಿನಗೆ ಕುರ್ಚಿ ಹಾಕಿಡುತ್ತೇನೆ ಅನ್ನುವಲ್ಲಿಗೆ ಬಂದು ನಿಂತಳು. ಪೆನ್ಸಿಲ್ ತಂದು ತನ್ನ ಆಯಿಯಾದ ನಿನಗೆ ಕೆಳಗಿನ ಸಾಲು ಬರೆದಳು. ನಾನು ಒಂದಕ್ಷರವನ್ನೂ ಹೇಳಿಕೊಟ್ಟಿಲ್ಲ, ತಿದ್ದಿಲ್ಲ. ನೀನೂ ತಿದ್ದಬೇಡ.

"ಆಯಿ ಬಾ. ಕುರ್ಚಿ ಬ್ಯಾಡ. ನನ್ನ ಬಾಜೂಕ ಕುಂದ್ರು. ನಾ ಓದತೇನಿ."