ಕಾರಣದ ಕಾಲಂ

ಸೆಪ್ಟೆಂಬರ್ 14, 1999. ಮಂಗಳವಾರ

ಬ್ರಿಜ್ ಮೇಲಿನ ಟ್ರಾಫಿಕ್ಕಿನಲ್ಲಿ ಮತ್ತೆ ನಲವತ್ತು ನಿಮಿಷ. ಸ್ಯಾನ್ ಮಟಿಯೋ ಆಫೀಸು ಮುಟ್ಟಿದಾಗ ಒಂಬತ್ತೂವರೆ. ಈ ಅಮೆರಿಕದಲ್ಲಿ ಕೇಳುವವರು ಯಾರೂ ಇಲ್ಲ. ಹುಡುಗರು ಹನ್ನೊಂದಕ್ಕೆ ಬರುತ್ತಾರೆ, ಹವಾಯಿ ಚಪ್ಪಲಿಯಲ್ಲಿ. ನಮ್ಮ ಸ್ಕ್ವಾಡ್ರನ್ನಿನಲ್ಲಿ ಆಗಿದ್ದರೆ ಒಬ್ಬೊಬ್ಬನನ್ನೂ ರನ್‌ವೇ ಸುತ್ತ ಓಡಿಸುತ್ತಿದ್ದೆ.

ಕೆಲಸ ಅದೇ — ರಷ್ಯದ ಯುದ್ಧವಿಮಾನಗಳ ಇತಿಹಾಸದ ವೆಬ್‌ಸೈಟು. ಅರ್ಕಾದಿ ರಷ್ಯನ್ ಪುಸ್ತಕ ಓದಿ ತನ್ನ ಹರಕು ಇಂಗ್ಲಿಷಿನಲ್ಲಿ ಹೇಳುತ್ತಾನೆ. ನಾನು ನನ್ನ ಹರಕು ಇಂಗ್ಲಿಷಿನಲ್ಲಿ ಟೈಪ್ ಮಾಡುತ್ತೇನೆ. ಅವನು ಸೋವಿಯತ್ ವಾಯುಪಡೆಯಲ್ಲಿ ಇಂಜಿನಿಯರ್ ಆಗಿದ್ದವನು. ನಾನು ಇಂಡಿಯಾದಲ್ಲಿ ಮಿಗ್-21 ನೋಡಿಕೊಳ್ಳುತ್ತಿದ್ದ ಸಾರ್ಜೆಂಟು. ಇಬ್ಬರು ಮುದುಕರಿಗೆ ಒಂದೇ ಟೇಬಲ್ಲು.

ಇವತ್ತು 1914ರ ಬಾಂಬರ್. ಮರದ್ದು, ನಾಲ್ಕು ಇಂಜಿನ್. ಹಾರುತ್ತಿರುವಾಗಲೇ ಮೆಕ್ಯಾನಿಕ್ಕು ರೆಕ್ಕೆಯ ಮೇಲೆ ನಡೆದುಹೋಗಿ ಇಂಜಿನ್ ನೋಡುತ್ತಿದ್ದನಂತೆ. ಹೊಟ್ಟೆಕಿಚ್ಚಾಯಿತು. ಏನಾದರೂ ಆದರೆ ಅವನೂ ಪೈಲಟ್ ಜೊತೆ ಮೇಲೇ ಇರುತ್ತಿದ್ದ. ನಾವು ಕೆಳಗೆ ನಿಂತು ಕೈ ಬೀಸಿದವರು.

ಸೆಪ್ಟೆಂಬರ್ 20. ಸೋಮವಾರ

ಹೊಸ ಮ್ಯಾನೇಜರು. ಸುರಕ್ಷಾ ಅಂತ, ಇಪ್ಪತ್ತನಾಲ್ಕರ ಹುಡುಗಿ, ಬ್ರಿಜ್ ಆಚೆಯ ಡಬ್ಲಿನ್ ಊರಿನಿಂದ ಬರುತ್ತಾಳೆ. ನನ್ನ ಹೆಸರು ನೋಡಿ ನಕ್ಕಳು. “ದೇವೇಂದ್ರಪ್ಪ! ಅಂಕಲ್, ನೀವು ಕನ್ನಡದವರಾ? ನಮ್ದು ಮೂಡಬಿದ್ರಿ. ನಮ್ಮಪ್ಪನೂ ಮಿಗ್-21 ಪೈಲಟ್, ಗೊತ್ತಾ? ಅದಕ್ಕೇ ಈ ಪ್ರಾಜೆಕ್ಟು ನಾನೇ ಕೇಳಿ ತಗೊಂಡೆ.”

ಹೆಸರು ಏನವ್ವಾ ಅವರದು, ಎಂದೆ.

“ಗುಣಪಾಲ. ಫ್ಲೈಟ್ ಲೆಫ್ಟಿನೆಂಟ್. ನಾನು ನೋಡೇ ಇಲ್ಲ. ನಾನು ಹುಟ್ಟೋಕೆ ಮುಂಚೆನೇ ಕ್ರ್ಯಾಶು.”

ಕೈಯಲ್ಲಿದ್ದ ಕಾಫಿ ಕೀಬೋರ್ಡಿನ ಮೇಲೆ ಚೆಲ್ಲಿತು. ಅವಳೇ ಓಡಿಹೋಗಿ ಪೇಪರ್ ಟವೆಲ್ ತಂದು ಒರೆಸಿದಳು. ಗುಣಪಾಲ್ ಸಾಹೇಬರ ಹಾಗೇ ಹುಬ್ಬು. ಅವರ ವಿಮಾನ ನೋಡಿಕೊಳ್ಳುತ್ತಿದ್ದವನೇ ನಾನು ಎಂದು ಹೇಳಲಿಲ್ಲ. ಕೇಳಿದ ಹೆಸರು ಎಂದಷ್ಟೇ ಹೇಳಿದೆ.

ಮನೆಗೆ ಬಂದು ಶರಣವ್ವನಿಗೂ ಹೇಳಲಿಲ್ಲ. ಊಟ ಸೇರಲಿಲ್ಲ. ಬಿ.ಪಿ. ನೋಡಿದಳು. ನರ್ಸ್ ಹೆಂಡತಿಯ ಕಷ್ಟ ಇದು, ಸುಳ್ಳು ಹೇಳಿದರೂ ಮಶೀನು ಹೇಳಿಬಿಡುತ್ತದೆ.

ಅಕ್ಟೋಬರ್ 18. ಸೋಮವಾರ, ಮಧ್ಯಾಹ್ನ 3

ಆಫೀಸಿನಲ್ಲಿ ಆಯುಧಪೂಜೆ. ಹೈದರಾಬಾದಿನ ಹುಡುಗರು ಸರ್ವರುಗಳಿಗೆ ಕುಂಕುಮ ಇಟ್ಟರು, ಚೆಂಡುಹೂ ಹಾಕಿದರು. ಸುರಕ್ಷಾ ಆರತಿ ತಟ್ಟೆ ನನ್ನ ಕೈಗೆ ಕೊಟ್ಟು, “ಅಂಕಲ್, ನೀವೇ ಹಿರಿಯರು” ಎಂದಳು. ಆಗಲಿಲ್ಲ. ಪಾರ್ಕಿಂಗ್ ಲಾಟಿಗೆ ಬಂದು ಕಾರಿನಲ್ಲಿ ಕೂತಿದ್ದೇನೆ. ಇಪ್ಪತ್ತೈದು ವರ್ಷ ಎಲ್ಲೂ ಬರೆಯದ್ದನ್ನು ಈಗ ಬರೆಯುತ್ತೇನೆ. ಓದುವವರು ಇಲ್ಲವಲ್ಲ.

1974. ಆಯುಧಪೂಜೆ. ವಿಮಾನಕ್ಕೆ ಹಾರ, ಮೂಗಿಗೆ ಕುಂಕುಮ, ಚಕ್ರದಡಿ ನಿಂಬೆಹಣ್ಣು. ಪೂಜೆ ಮುಗಿದ ಮೇಲೆ ಒಂದೊಂದು ಎಸಳನ್ನೂ ಹೆಕ್ಕಿ ತೆಗೆದು, ಟಾರ್ಚು ಹಿಡಿದು ಒಳಗೆಲ್ಲ ನೋಡಿ ಸಹಿ ಹಾಕುವವನು ನಾನು. ಕಾಕ್‌ಪಿಟ್ಟಿನಲ್ಲಿ ಒಂದು ಸಡಿಲ ಸ್ಕ್ರೂ ಇದ್ದರೂ ವಿಮಾನ ಬಿಡಬಾರದು — ಹೊಸ ಹುಡುಗರಿಗೆ ಆ ಪಾಠ ಹೇಳುತ್ತಿದ್ದವನೂ ನಾನೇ.

ಹಿಂದಿನ ದಿನ ಗುಣಪಾಲ್ ಸಾಹೇಬರ ಹೆಂಡತಿ ಸರೋಜಿನಿ ಮೇಡಂ ಕ್ವಾರ್ಟರ್ಸಿಗೆ ಕರೆಸಿದ್ದರು. ಆಗ ನಾಲ್ಕೈದು ತಿಂಗಳ ಬಸುರಿ. ತವರಿನ ಪದ್ಮಾವತಿ ಗುಡಿಯಿಂದ ತರಿಸಿದ ತಾಯತ. ತಾಮ್ರದ ಕೊಳವೆ, ಬೆರಳಿನ ಗೆಣ್ಣಿನಷ್ಟು, ಕೆಂಪು ದಾರ. ಸಾಹೇಬರು ಮೈಗೆ ಕಟ್ಟಿಕೊಳ್ಳುವವರಲ್ಲ, ನಗುವವರು. “ವಿಮಾನದಲ್ಲಿ ಎಲ್ಲಿಯಾದ್ರೂ ಕಟ್ಟಿ ಮಾರಾಯ್ರೇ, ಅವರಿಗೆ ಗೊತ್ತಾಗುವುದು ಬೇಡ” ಎಂದು ಕಣ್ಣಲ್ಲಿ ನೀರು ತಂದುಕೊಂಡರು. ಸೀಟಿನ ಕೆಳಗಿನ ಪೈಪಿಗೆ ಕಟ್ಟಿದೆ. ಎರಡು ಗಂಟು. ನನಗೂ ನಂಬಿಕೆ ಇತ್ತು. ಸುಳ್ಳು ಯಾಕೆ?

ನಾಲ್ಕನೆಯ ದಿನ. ಸಾಹೇಬರು ಅಭ್ಯಾಸದಲ್ಲಿ ವಿಮಾನವನ್ನು ತಲೆಕೆಳಗು ಮಾಡಿದರು. ನೆಟ್ಟಗಾಗಲಿಲ್ಲ. ರೇಡಿಯೋದಲ್ಲಿ ಮಾತೂ ಬರಲಿಲ್ಲ. ಜೋಳದ ಹೊಲದಲ್ಲಿ ಚೂರು ಹೆಕ್ಕಲು ಕಳಿಸಿದವರಲ್ಲಿ ನಾನಿದ್ದೆ. ವಿಮಾನ ಏರಿಸಿ ಇಳಿಸುವ ಕಂಟ್ರೋಲ್ ಸ್ಟಿಕ್ಕಿನ ಬುಡ ಸಿಕ್ಕಿತು. ಅದರ ಸಂದಿಯಲ್ಲಿ, ಗಂಟು ಬಿಚ್ಚಿ ಜಾರಿ ಬಿದ್ದ ಆ ಕೊಳವೆ, ಕಚ್ಚಿ ಅಗಿದ ಹಾಗೆ ಚಪ್ಪಟೆ. ಯಾರೂ ನೋಡಲಿಲ್ಲ. ಕಿತ್ತು ಜೇಬಿಗೆ ಹಾಕಿಕೊಂಡೆ, ಮಾರನೆಯ ದಿನ ನದಿಗೆ ಎಸೆದೆ.

ವಿಮಾನ ಸರಿಯಿತ್ತೇ ಎಂದು ವಿಚಾರಣೆಯಲ್ಲಿ ಕೇಳಿದರು. ಸರಿಯಿತ್ತು ಸರ್, ಎಂದೆ. ವಿಮಾನ ಸರಿಯಿದ್ದರೆ ತಪ್ಪು ಹಾರಿಸಿದವರದು.

ಜನವರಿ 16, 2000. ಭಾನುವಾರ

ಡಬ್ಲಿನ್‌ಗೆ ಹೋಗಿ ಬಂದೆ. ಸುರಕ್ಷಾ ಮನೆಯಲ್ಲಿ ನನ್ನ ಹೆಸರು ಹೇಳಿದ್ದಾಳೆ. ಮಗಳ ಜೊತೆಗೇ ಇರುವ ಮೇಡಂಗೆ ಗುರುತು ಹತ್ತಿದೆ. ಸಂಕ್ರಾಂತಿಯ ಊಟಕ್ಕೆ ಕರೆದರು. ಬರುವುದಿಲ್ಲ ಎನ್ನಲು ಬಾಯಿ ಬರಲಿಲ್ಲ.

ಅವರ ಕೂದಲು ಪೂರ್ತಿ ಬೆಳ್ಳಗಾಗಿದೆ. ನಾನು ಅಭ್ಯಾಸಬಲದಿಂದ ಎದ್ದು ನಿಂತೆ, ಕೂತುಕೊಳ್ಳಿ ಎನ್ನುವವರೆಗೂ ನಿಂತೇ ಇದ್ದೆ. ಊಟ ಆಗುವವರೆಗೆ ಊರು, ಹವಾ, ಮೊಣಕಾಲು ನೋವು. ಆಮೇಲೆ ಮಗಳನ್ನು ಗ್ರೋಸರಿಗೆ ಕಳಿಸಿದರು. ಬೇಕೆಂದೇ.

“ದೇವೇಂದ್ರಪ್ಪನವರೇ, ಒಂದು ಕೇಳ್ಲಿಕ್ಕೆ ಉಂಟು. ನಾನು ಕೊಟ್ಟದ್ದನ್ನು ನೀವು ಕಟ್ಟಲಿಲ್ಲ ಅಲ್ವಾ?”

ಇಷ್ಟು ವರ್ಷ ಅವರು ಹಿಡಿದುಕೊಂಡು ಕೂತದ್ದು ಇದು! ಕಟ್ಟಿದ್ದರೆ ಸಾಹೇಬರು ಬೀಳುತ್ತಿರಲಿಲ್ಲ ಎಂದು.

ನಿಜ ಹೇಳಿದರೆ ಸಾಹೇಬರ ಹೆಸರಿನ ಕಳಂಕ ತೊಳೆದುಹೋಗುತ್ತದೆ. ಆದರೆ ಗಂಡನನ್ನು ಕೊಂದದ್ದು ತಾನು ಕೊಟ್ಟ ತಾಯತ ಎಂದು ಈ ಹೆಂಗಸಿಗೆ ಗೊತ್ತಾಗುತ್ತದೆ. ಎರಡನ್ನೂ ತೂಗುವಷ್ಟು ಹೊತ್ತು ಸಿಗಲಿಲ್ಲ.

“ಮರತೆ ಮೇಡಂ” ಎಂದೆ. “ಪೂಜಾದ ಗದ್ದಲದಾಗ ಮರತುಬಿಟ್ಟೆ.”

ಅವರು ಮೇಜಿನ ಬಟ್ಟೆಯ ಅಂಚು ಮಡಿಸಿದರು, ಬಿಡಿಸಿದರು. “ನಂಗೆ ಗೊತ್ತಿತ್ತು. ಇಪ್ಪತ್ತೈದು ವರ್ಷ ನಿಮ್ಮನ್ನು ಶಪಿಸಿದ್ದೇನೆ. ಎಂತ ಮಾಡುವುದು, ಇನ್ನು ಸಾಕು.”

ಹೊರಡುವಾಗ ಎಳ್ಳುಬೆಲ್ಲ ಕೊಟ್ಟರು, ಒಳ್ಳೆ ಮಾತಾಡಿ ಎಂದರು. ಬ್ರಿಜ್ ದಾಟುವವರೆಗೂ ಬಾಯಿಗೆ ಹಾಕಿಕೊಳ್ಳಲಿಲ್ಲ.

ಏಪ್ರಿಲ್ 19. ಬುಧವಾರ

ಶೇರು ಬಿದ್ದದ್ದರಿಂದ ಹುಡುಗರ ಮುಖದಲ್ಲಿ ನಗೆಯಿಲ್ಲ. ಫ್ರಿಜ್ಜಿನ ತುಂಬ ಇರುತ್ತಿದ್ದ ಸೋಡಾ ಇಲ್ಲ.

ಮಿಗ್-21 ಪುಟ ತಯಾರಾಗುತ್ತಿದೆ. ಅದರಲ್ಲಿ ಅಪಘಾತಗಳ ಟೇಬಲ್ಲು. ದಿನಾಂಕ, ಪೈಲಟ್, ಕಾರಣ. ಸುರಕ್ಷಾ ತನ್ನ ಅಪ್ಪನ ಸಾಲು ತಾನೇ ತುಂಬಿದಳು. ಕಾರಣದ ಕಾಲಂನಲ್ಲಿ — ಪೈಲಟ್ ತಪ್ಪು. “ಅಫೀಶಿಯಲ್ ರಿಪೋರ್ಟ್ ಹಾಗೇ ಇದೆ ಅಂಕಲ್. ಮಗಳು ಅಂತ ನಾನು ಬೇರೆ ಬರೆದ್ರೆ ಮಿಕ್ಕಿದ್ದನ್ನು ಯಾರು ನಂಬ್ತಾರೆ?” ಎಂದಳು. ದನಿ ಗಟ್ಟಿಯಾಗೇ ಇತ್ತು. ಆಮೇಲೆ ರೆಸ್ಟ್‌ರೂಮಿಗೆ ಹೋದವಳು ಬರಲು ಬಹಳ ಹೊತ್ತಾಯಿತು.

ಅರ್ಕಾದಿ ಟೇಬಲ್ಲು ನೋಡಿ ಮೂಗಿನಲ್ಲಿ ನಕ್ಕ. ನಮ್ಮಲ್ಲೂ ಹೀಗೇ, ಸತ್ತವನು ಬಂದು ವಾದಿಸುವುದಿಲ್ಲವಲ್ಲ, ಎಂದ. ಯಾಕೋ ತಡೆಯಲಾಗಲಿಲ್ಲ. ಹೊರಗೆ ಬೆಂಚಿನ ಮೇಲೆ ಅವನಿಗೆ ಎಲ್ಲ ಹೇಳಿದೆ. ಮೊದಲ ಸಲ, ಒಬ್ಬ ಮನುಷ್ಯನಿಗೆ. ತಾಯತಕ್ಕೆ ಇಂಗ್ಲಿಷು ಗೊತ್ತಾಗಲಿಲ್ಲ. ಬೆರಳಲ್ಲಿ ಅಳತೆ ತೋರಿಸಿದೆ.

ಅವನು ಎರಡು ಸಿಗರೇಟು ಸೇದಿದ. ಆಮೇಲೆ ಕೇಳಿದ — ನೀನು ಸುಮ್ಮನಿರುವುದು ಆ ಅಮ್ಮನಿಗಾಗಿಯೋ, ನಿನಗಾಗಿಯೋ?

ಅಮ್ಮನಿಗಾಗಿ, ಎಂದೆ. ಖಂಡಿತ, ಎಂದೆ. ಅವನು ಸಿಗರೇಟಿನ ತುಂಡು ಹೊಸಕಿ ಎದ್ದುಹೋದ.

ಜೂನ್ 27. ಮಂಗಳವಾರ

ಸರೋಜಿನಿ ಮೇಡಂ ಓಕ್ಲ್ಯಾಂಡಿನ ಆಸ್ಪತ್ರೆಯಲ್ಲಿ ಅಡ್ಮಿಟ್. ಲಿವರ್. ಶರಣವ್ವ ಡ್ಯೂಟಿ ಮಾಡುವ ಫ್ಲೋರಿನಲ್ಲೇ. ಹೆಚ್ಚು ದಿನ ಇಲ್ಲ ಎಂದು ಅವಳೇ ಹೇಳಿದಳು.

ಸಂಜೆ ಐದಕ್ಕೆ ಹೋದೆ. ಹಾಸಿಗೆಯಲ್ಲಿ ಅವರು ಇದ್ದಾರೆಂದು ತಿಳಿಯುವುದಕ್ಕೇ ಒಂದು ಕ್ಷಣ ಬೇಕಾಯಿತು. ಅಷ್ಟು ಇಳಿದುಹೋಗಿದ್ದಾರೆ. ಕೆಲಸ ಎಂತದ್ದು ನಡೀತಾ ಉಂಟು ಎಂದು ಕೇಳಿದರು. ಸೋವಿಯತ್ ಹೆಣ್ಣುಮಕ್ಕಳ ರೆಜಿಮೆಂಟಿನ ಪುಟ ಬರೆಯುತ್ತಿದ್ದೇವೆ ಎಂದೆ. ಬಟ್ಟೆ ಹೊದಿಸಿದ ಹಳೇ ವಿಮಾನ, ಗುರಿ ಹತ್ತಿರ ಬಂದಾಗ ಇಂಜಿನ್ ನಿಲ್ಲಿಸಿ ಸದ್ದಿಲ್ಲದೆ ಜಾರಿ ಬಾಂಬು ಹಾಕುತ್ತಿದ್ದರು. ಮೆಕ್ಯಾನಿಕ್ಕುಗಳೂ ಹುಡುಗಿಯರೇ. ಕೇಳಿ ಖುಷಿಪಟ್ಟರು.

ಆಮೇಲೆ ನನ್ನ ಕೈ ಹಿಡಿದರು. ಯಾವತ್ತೂ ಮುಟ್ಟಿದವರಲ್ಲ. ಆಫೀಸರ ಹೆಂಡತಿ, ನಾನು ಸಾರ್ಜೆಂಟು.

“ನೀವು ಮರೆತದ್ದು ಒಂದು ಲೆಕ್ಕದಲ್ಲಿ ಒಳ್ಳೇದೇ ಆಯ್ತು ಮಾರಾಯ್ರೇ. ಕಟ್ಟಿಯೂ ಅವರು ಬಿದ್ದಿದ್ರೆ ನಾನು ಯಾವ ದೇವರ ಹತ್ರ ಹೋಗ್ಲಿಕ್ಕಿತ್ತು? ನಂಗೆ ಪದ್ಮಾವತಿಯಾದ್ರೂ ಉಳಿದ್ಲು.”

ಹೌದ್ರಿ ಮೇಡಂ, ಎಂದೆ. ಕಾರಿಡಾರಿನಲ್ಲಿ ಶರಣವ್ವ ನೋಡಿ ಹಿಡಿದುಕೊಂಡು ಕುರ್ಚಿಯಲ್ಲಿ ಕೂರಿಸಿದಳು. ಐವತ್ತೇಳು ವರ್ಷದ ಗಂಡಸು, ಆಸ್ಪತ್ರೆಯ ಕಾರಿಡಾರಿನಲ್ಲಿ ದೊಡ್ಡ ದನಿ ತೆಗೆದು ಅತ್ತೆ.

ಸೆಪ್ಟೆಂಬರ್ 4. ಸೋಮವಾರ

ಮೇಡಂ ಹೋದರು. ಬೆಳಿಗ್ಗೆ 6-10ಕ್ಕೆ.

ಅಕ್ಟೋಬರ್ 6. ಶುಕ್ರವಾರ

ಈ ವರ್ಷ ಆಫೀಸಿನಲ್ಲಿ ಪೂಜೆ ಇಲ್ಲ. ಪೂಜೆ ಮಾಡುವ ಹುಡುಗರೂ ಇಲ್ಲ. ಅರ್ಕಾದಿಯನ್ನೂ ಕೆಲಸದಿಂದ ತೆಗೆದರು. ಹೋಗುವ ಮುನ್ನ ರಷ್ಯದವರ ಪದ್ಧತಿಯಂತೆ ಒಂದು ನಿಮಿಷ ಸುಮ್ಮನೆ ಕೂತ, ನನ್ನನ್ನೂ ಕೂರಿಸಿದ. ಎದ್ದು ನಿಂತು, ಅಮ್ಮ ಹೋದರಲ್ಲ, ಈಗ ಯಾರಿಗಾಗಿ ಸುಮ್ಮನಿರುವುದು, ಎಂದ.

ಕೋಪ ಬಂತು. ಶೇಕ್‌ಹ್ಯಾಂಡ್ ಕೊಡಲಿಲ್ಲ. ಈಗ ಫೋನ್ ಮಾಡೋಣ ಎಂದರೆ ನನ್ನ ಹತ್ತಿರ ಇರುವ ನಂಬರು ಆಫೀಸಿನದ್ದೇ.

ಡಿಸೆಂಬರ್ 6. ಬುಧವಾರ

ಶುಕ್ರವಾರ ಕಂಪನಿ ಮುಚ್ಚುತ್ತದೆ. ಸರ್ವರು ಆಫ್ ಮಾಡುತ್ತಾರೆ, ಸೈಟು ಇರುವುದಿಲ್ಲ. ಕೇಳಿದಾಗ ಮೊದಲು ಆದದ್ದು ಸಮಾಧಾನ. ನಾಚಿಕೆ ಬಿಟ್ಟು ಬರೆಯುತ್ತೇನೆ, ಸಮಾಧಾನ. ಆ ಕಾಲಂ ತಾನಾಗೇ ಅಳಿಸಿಹೋಗುತ್ತದೆ ಎಂದುಕೊಂಡೆ.

ಸುರಕ್ಷಾ ಬಿಡಬೇಕಲ್ಲ. ಪೂರ್ತಿ ಸೈಟನ್ನು ಸಿ.ಡಿ. ಮಾಡುತ್ತಿದ್ದಾಳೆ. ಇನ್ನೂರು ಪ್ರತಿ. ಹಳೇ ಸ್ಕ್ವಾಡ್ರನ್ನಿನವರಿಗೆ, ಲೈಬ್ರರಿಗಳಿಗೆ, ಮೂಡಬಿದ್ರಿಯ ಅಜ್ಜಿಗೆ — ಗುಣಪಾಲ್ ಸಾಹೇಬರ ತಾಯಿಗೆ. ತೊಂಬತ್ತು ದಾಟಿದೆಯಂತೆ, ಇದ್ದಾರಂತೆ. ಯಾರಾದರೂ ಓದಿ ಹೇಳುತ್ತಾರಂತೆ.

ಡಿಸೆಂಬರ್ 8. ಶುಕ್ರವಾರ, ಮಧ್ಯಾಹ್ನ

ಟೇಬಲ್ಲು ಖಾಲಿ ಮಾಡಿದೆ. ಸುರಕ್ಷಾ ಪೆಟ್ಟಿಗೆ ಹಿಡಿದು ಕಾರಿನವರೆಗೂ ಬಂದಳು. ಅವಳೇ ಮಾತು ತೆಗೆದಳು.

“ಅಂಕಲ್, ಹೋಗೋ ಮುಂಚೆ ಅಮ್ಮ ನಂಗೆ ಹೇಳಿದ್ರು. ಆ ತಾಯತ, ನೀವು ಮರೆತದ್ದು. ನೀವು ಅದನ್ನು ಮನಸ್ಸಲ್ಲಿ ಇಟ್ಕೋಬೇಡಿ, ಪ್ಲೀಸ್. ಅಮ್ಮಂದು ಹಳೇ ಕಾಲದ ನಂಬಿಕೆ. ಒಂದು ತಾಮ್ರದ ತುಂಡಿಂದ ಪ್ಲೇನು ಬೀಳುತ್ತಾ, ಉಳಿಯುತ್ತಾ? ಅಪ್ಪ ತಪ್ಪು ಮಾಡಿದ್ರು. ಐ ಹ್ಯಾವ್ ಟು ಲಿವ್ ವಿತ್ ಇಟ್.”

ಅಲ್ಲೇ ಹೇಳಬಹುದಿತ್ತು. ಬಾಯಿ ತೆರೆದೆ. ಹಿಂದೆ ಯಾರದೋ ಕಾರು ಹಾರ್ನ್ ಹೊಡೆಯಿತು, ದಾರಿ ಬಿಟ್ಟೆವು. ಹೇಳಲಿಲ್ಲ. ತಪ್ಪನ್ನು ಹಾರ್ನಿನ ಮೇಲೆ ಹಾಕುವುದು ಸರಿಯಲ್ಲ. ಹೆದರಿದೆ, ಅಷ್ಟೇ.

ನಾಳೆ ಮನೆಗೆ ಬರುತ್ತಾಳೆ. ಮಿಗ್-21 ಪುಟದ ಕೆಳಗೆ “ತಾಂತ್ರಿಕ ಪರಿಶೀಲನೆ: ದೇವೇಂದ್ರಪ್ಪ” ಎಂದು ಹಾಕುತ್ತಾಳಂತೆ. ಕೊನೇ ಸಲ ಓದಿ ಸರಿ ಎನ್ನಬೇಕಂತೆ.

ಡಿಸೆಂಬರ್ 9. ಶನಿವಾರ, ಬೆಳಿಗ್ಗೆ 10-40

ಶರಣವ್ವನಿಗೆ ತಿಂಡಿ ಹೊತ್ತಿನಲ್ಲಿ ಎಲ್ಲ ಹೇಳಿದೆ. ದೋಸೆ ಹಂಚಿನ ಮೇಲೇ ಸೀದುಹೋಯಿತು. ಅವಳು ಒಲೆ ಆರಿಸಿದಳು. ಆಮೇಲೆ ಹೇಳಿದಳು — “ಆಕಿ ತಾಯೀಗೆ ಸುಳ್ಳು ಹೇಳಿದಿರಿ, ತಿಳೀತು ನನಗ. ಆ ಹುಡುಗಿ ಏನ್ ಮಾಡೇತ್ರಿ? ಅಪ್ಪನ್ನಂತೂ ನೋಡಲಿಲ್ಲ, ಅಪ್ಪನ ಹೆಸರಾದ್ರೂ ಚೊಕ್ಕ ಇರ್ಲಿ ಅದಕ್ಕ.”

ಇದರಲ್ಲಿ ತಾಯಿಯ ಕೈಯೂ ಇತ್ತೆಂದು ಸುರಕ್ಷಾಗೆ ಇಂದು ಗೊತ್ತಾಗುತ್ತದೆ. ನನ್ನ ಮುಖ ಮತ್ತೆ ನೋಡಲಿಕ್ಕಿಲ್ಲ. ಈ ಊರಿನಲ್ಲಿ ನನ್ನನ್ನು ಅಂಕಲ್ ಎನ್ನುವವಳು ಅವಳೊಬ್ಬಳೇ ಉಳಿದಿದ್ದಳು. ದುಃಖ ಆಗುತ್ತಿದೆ.

ಕಾರು ಬಂತು. ಡ್ರೈವ್‌ವೇಯಲ್ಲಿ ನಿಲ್ಲಿಸುತ್ತಿದ್ದಾಳೆ. ಎದುರಿಗೆ ಬಂದಾಗ ಮತ್ತೆ ನಾಲಿಗೆ ಹೊರಳದಿದ್ದರೆ ಈ ಪುಟವನ್ನೇ ಕೈಗೆ ಕೊಡುತ್ತೇನೆ. ಆದ್ದರಿಂದ ಇಲ್ಲೇ, ಅವಳಿಗೇ ಬರೆಯುತ್ತೇನೆ.

ಸುರಕ್ಷಾ, ನಿಮ್ಮಪ್ಪ ತಪ್ಪು ಮಾಡಲಿಲ್ಲವ್ವಾ. ಸ್ಟಿಕ್ಕು ಎಳೆದಿದ್ದರು, ಇರುವ ಬಲವೆಲ್ಲ ಹಾಕಿ ಎಳೆದಿದ್ದರು, ಅದು ಬರಲಿಲ್ಲ. ಯಾಕೆ ಬರಲಿಲ್ಲ ಎಂದರೆ ಅದರ ಬುಡದಲ್ಲಿ ನಾನು